ಅದೇ ಬಟ್ಟೆಯಲ್ಲಿ ಇನ್ನೊಬ್ಬ

ಜಾವಳಿ, ಮೂಡಿಗೆರೆ ತಾಲ್ಲೂಕು
೧೭ ನವೆಂಬರ್ ೨೦೨೫, ಸೋಮವಾರ

ನನ್ನ ಪುಟ್ಟ ಸಿಪಾಯಿ ದಿವ್ಯಾಳಿಗೆ, ಜಗಲಿಯ ಎಳೆಬಿಸಿಲಲ್ಲಿ ಕೂತು ನಿನ್ನ ಅಜ್ಜ ಮಂಜಯ್ಯ ಮನಸಾರೆ ಮಾಡುವ ಆಶೀರ್ವಾದಗಳು.

ಹೇಗಿದ್ದೀಯ ಮಗಳೇ? ಬೂಟು ಕಚ್ಚಿದ ಹಿಮ್ಮಡಿ ಮಾಗಿತೇ? ಬೊಬ್ಬೆಗೆ ಸೂಜಿ ಚುಚ್ಚಬೇಡ, ಅದರಷ್ಟಕ್ಕೆ ಒಣಗಲಿ. ಹೊಸ ಬೂಟಿನ ಒಳಗೆ ಒಂದಿಷ್ಟು ಒಣ ಸೋಪು ತಿಕ್ಕಿಕೋ, ಕಚ್ಚುವುದು ಕಡಿಮೆಯಾಗುತ್ತದೆ. ನಾನು ರಿಕ್ರೂಟ್ ಆಗಿದ್ದಾಗ ನಮ್ಮ ಹವಾಲ್ದಾರ್ ಹೇಳಿಕೊಟ್ಟದ್ದು. ಅಲ್ಲಿಯ ರೊಟ್ಟಿ-ದಾಲು ಒಗ್ಗಿತೇ? ಎರಡನೇ ಸಲ ತಟ್ಟೆ ಹಿಡಿಯಲು ನಾಚಬೇಡ. ತರಬೇತಿಯಲ್ಲಿ ಹಸಿದವರನ್ನು ಯಾರೂ ನೆನಪಿಟ್ಟುಕೊಳ್ಳುವುದಿಲ್ಲ, ಬಿದ್ದವರನ್ನು ಎಲ್ಲರೂ ನೆನಪಿಟ್ಟುಕೊಳ್ಳುತ್ತಾರೆ. ನನ್ನ ಮಂಡಿ ಮೋಡ ಕಟ್ಟಿದಾಗ ಎದ್ದು ಮಾತಾಡುತ್ತದೆ, ಬಿಸಿಲು ಬಂದರೆ ಸುಮ್ಮನಾಗುತ್ತದೆ. ನಿನ್ನ ಅಮ್ಮ ರುದ್ರಾಣಿ ದೇಹದಲ್ಲಿ ಆರೋಗ್ಯವಾಗಿದ್ದಾಳೆ. ಎಸ್ಟೇಟಿನಲ್ಲಿ ಅರೇಬಿಕಾ ಹಣ್ಣಿನ ಕೊಯ್ಲು ಶುರುವಾಗಿದೆ. ಈ ಸಲ ಹಣ್ಣು ಒಂದೇ ಸಮ ಕೆಂಪಾಗಿಲ್ಲ ಎಂದು ಲೆಕ್ಕ ಬರೆಯುವ ರೈಟರು ದಿನವೂ ಗೊಣಗುತ್ತಾರೆ. ಕೋಳಿಗಳು ಸೌಖ್ಯ. ನಿನ್ನ ಕಂದು ಹುಂಜ ಈಗ ನನ್ನನ್ನೇ ಅಟ್ಟಿಸಿಕೊಂಡು ಬರುತ್ತದೆ ಮಾರಾಯ್ತಿ.

ಭಾನುವಾರ ನಿಮಗೆ ಫೋನು ಕೊಡುವ ಆ ಸ್ವಲ್ಪ ಹೊತ್ತಿನಲ್ಲಿ ನೀನೂ ನಿನ್ನಮ್ಮನೂ ಉಂಡಿರಾ, ಮಲಗಿದಿರಾ ಎನ್ನುವುದರಲ್ಲೇ ಮುಗಿಸುತ್ತೀರಿ. ನಾನು ಹೇಳಬೇಕಾದದ್ದು ಫೋನಿನಲ್ಲಿ ಹೇಳುವಂಥದ್ದೂ ಅಲ್ಲ. ಅವಳಿಂದ ಹೇಳಲಾಗುವುದಿಲ್ಲ ಎಂದು ಅವಳೇ ನನ್ನ ಕೈಗೆ ಪೆನ್ನು ಕೊಟ್ಟಳು. ಹಾಗಾಗಿ ಎಲ್ಲಾದರೂ ಒಂದು ಕಡೆ ಕೂತು ಓದು. ನಿನ್ನ ಅಪ್ಪನ ವಿಷಯ ಇದೆ. ನೀನು ಅವನ ಹೆಸರೆತ್ತುವುದನ್ನು ಬಿಟ್ಟು ನಾಲ್ಕು ವರ್ಷವಾಯಿತು, ಗೊತ್ತು. ಆದರೂ ಕಾಗದ ಮಡಚಿ ಇಡಬೇಡ ಮಗಳೇ, ಕೊನೆತನಕ ಓದು.

ಮೊದಲು ನಮಗೆ ಗೊತ್ತಿದ್ದದ್ದು ಎಷ್ಟು ಎಂದು ಒಮ್ಮೆ ನೋಡಿಕೊಳ್ಳೋಣ. ನಿನ್ನ ಅಪ್ಪ, ನನ್ನ ಮಗ ಬಾಲರಾಜ್, ಅರಣ್ಯ ಇಲಾಖೆಯ ಆನೆ ಪಡೆಯಲ್ಲಿ ದಿನಗೂಲಿ ವಾಚರ್. ಊರಿಗೆ ಆನೆ ಬಂದರೆ ಪಟಾಕಿ ಹೊಡೆದು ಕಾಡಿನ ಕಡೆಗೆ ತಿರುಗಿಸುವ ಕೆಲಸ. ಪಡೆಯವರಿಗೆಲ್ಲ ಒಂದೇ ಥರದ ಬಟ್ಟೆ, ಹಸಿರು-ಕಂದು ಎಲೆಯ ಮಚ್ಚೆಗಳ ಅಂಗಿ ಪ್ಯಾಂಟು. ನಾಲ್ಕು ವರ್ಷದ ಹಿಂದಿನ ಆಷಾಢದಲ್ಲಿ ಒಂದು ಬೆಳಿಗ್ಗೆ ಹೋದವನು ವಾಪಸು ಬರಲಿಲ್ಲ. ಕಾಡಿನಲ್ಲಿ ಹುಡುಕಲು ಜನ ಹೊರಟಿದ್ದರು. ಅಷ್ಟರಲ್ಲಿ ಕೊಟ್ಟಿಗೆಹಾರದ ಬಸ್ ನಿಲ್ದಾಣದ ಹತ್ತಿರ ಚಾದಂಗಡಿ ಇಟ್ಟಿರುವ ಬೆಳ್ಳಿಯಪ್ಪ, ಅವನು ಮಧ್ಯಾಹ್ನದ ಮಂಗಳೂರು ಬಸ್ಸು ಹತ್ತಿ ಘಟ್ಟ ಇಳಿದದ್ದನ್ನು ಕಣ್ಣಾರೆ ಕಂಡೆ ಎಂದು ಹೇಳಿದ. ಬೆಳ್ಳಿಯಪ್ಪ ಸುಳ್ಳು ಹೇಳುವ ಮನುಷ್ಯನಲ್ಲ, ಅಪ್ಪನಿಗೆ ದಿನಾ ಚಾ ಕೊಡುತ್ತಿದ್ದವನು. ಹುಡುಕುವವರು ಕಾಡಿನಿಂದ ಎದ್ದು ಬಂದರು. ಆಮೇಲೆ ಊರು ಏನೇನು ಹೇಳಿತು ಎನ್ನುವುದನ್ನು ನಾನು ಬರೆಯಬೇಕಾಗಿಲ್ಲ, ನೀನು ಶಾಲೆಯ ಬೆಂಚಿನಲ್ಲಿ ಕೂತೇ ಕೇಳಿದ್ದೀಯ. ಕೆಳಗಿನ ಸೀಮೆಯಲ್ಲಿ ಅವನಿಗೆ ಇನ್ನೊಂದು ಸಂಸಾರ ಇದೆಯಂತೆ ಎಂದರು. ನಿನ್ನಮ್ಮ ತಾಳಿಯನ್ನು ರವಿಕೆಯ ಒಳಗೆ ಹಾಕಿಕೊಂಡು ಓಡಾಡಿದಳು. ನಾವು ಮೂರೂ ಜನ ಅವನನ್ನು ಒಬ್ಬೊಬ್ಬರು ಒಂದೊಂದು ರೀತಿ ಬೈದುಕೊಂಡು ಬದುಕಿದೆವು.

ಈಗ ಈ ವರ್ಷದ ಸುದ್ದಿಗೆ ಬರುತ್ತೇನೆ. ದಸರಾ ಕಳೆದ ಮೇಲೆ ಈ ಕಡೆಗೆ ಒಂದು ಒಂಟಿ ಸಲಗ ಬಂದಿದೆ. ಎಡಗೊಂಬು ಅರ್ಧಕ್ಕೆ ಮುರಿದಿದೆ. ಆನೆ ನಮಗೆ ಹೊಸದಲ್ಲವಲ್ಲ. ಬರುತ್ತವೆ, ಬಾಳೆ ಸೀಳುತ್ತವೆ, ಗದ್ದೆ ತುಳಿಯುತ್ತವೆ, ನಾವು ಡಬ್ಬ ಬಡಿಯುತ್ತೇವೆ, ಹೋಗುತ್ತವೆ. ಇದು ಹಾಗಲ್ಲ. ಇದಕ್ಕೆ ಸದ್ದೇ ಇಲ್ಲ. ಕೊಂಬೆ ಮುರಿಯುವುದು ಕೇಳುವುದಿಲ್ಲ, ಘೀಳಿಟ್ಟದ್ದನ್ನು ಯಾರೂ ಕೇಳಿಲ್ಲ. ನಾಯಿಗಳು ಬೊಗಳುವುದನ್ನು ಬಿಟ್ಟು ಒಲೆಯ ಹತ್ತಿರ ಬಂದು ಮುದುರಿ ಮಲಗಿದರೆ ಅದು ಬಂದಿದೆ ಎಂದು ಅರ್ಥ. ಹೆಂಗಸರು ಅದನ್ನು ಆನೆ ಎನ್ನುವುದನ್ನೂ ಬಿಟ್ಟಿದ್ದಾರೆ. "ಅವ್ರು ಬಂದಿದ್ದಾರಂತೆ" ಎನ್ನುತ್ತಾರೆ, ನೆಂಟರ ಮಾತು ಆಡಿದ ಹಾಗೆ.

ಮೊದಲು ಕಂಡವಳು ನಿನ್ನಮ್ಮ. ಪಕ್ಕದ ಮನೆಯ ಓಂಕಾರಮೂರ್ತಿ ಗೊತ್ತಲ್ಲ, ಅಪ್ಪನ ಜಾಗಕ್ಕೆ ಆನೆ ಪಡೆ ಸೇರಿದವನು. ಅವನ ಹೆಂಡತಿ ತವರಿಗೆ ಹೋಗಿದ್ದರಿಂದ ಅವರ ಬಟ್ಟೆಯನ್ನೂ ನಿನ್ನಮ್ಮನೇ ಒಗೆದು ನಮ್ಮ ಅಂಗಳದ ತಂತಿಗೆ ಹಾಕಿದ್ದಳು. ಬೆಳಗಿನ ಗಂಜಿಯ ಹೊತ್ತು. ಮಂಜು ಎಷ್ಟಿತ್ತೆಂದರೆ ತಂತಿಯ ಆಚೆ ತುದಿ ಕಾಣುತ್ತಿರಲಿಲ್ಲ. ಅವಳು ಬಕೆಟ್ಟು ತೆಗೆದುಕೊಳ್ಳಲು ಬಗ್ಗಿ ಎದ್ದಳಂತೆ, ಮಂಜಿನೊಳಗಿಂದ ಸೊಂಡಿಲು ಮಾತ್ರ ಹೊರಗೆ ಬಂದಿತ್ತಂತೆ. ಕುರುಡರು ಬಟ್ಟೆಯಂಗಡಿಯಲ್ಲಿ ಮುಟ್ಟಿ ಮುಟ್ಟಿ ನೋಡುತ್ತಾರಲ್ಲ, ಹಾಗೆ ಅದು ತಂತಿಯುದ್ದಕ್ಕೂ ಬಂತಂತೆ. ಸೀರೆ ಮುಟ್ಟಿತು, ಬಿಟ್ಟಿತು. ನನ್ನ ಪಂಚೆ ಮುಟ್ಟಿತು, ಬಿಟ್ಟಿತು. ಓಂಕಾರನ ಮಗುವಿನ ಫ್ರಾಕು ಮುಟ್ಟಿತು, ಬಿಟ್ಟಿತು. ಎಲೆಮಚ್ಚೆಯ ಅಂಗಿ ಸಿಕ್ಕಿದ ಕೂಡಲೇ ನಿಂತಿತು. ಕ್ಲಿಪ್ಪು ಸಮೇತ ಮೆಲ್ಲಗೆ ಎಳೆದುಕೊಂಡಿತು. ತಂತಿ ಹರಿಯಲಿಲ್ಲ, ಒಂದು ಬಟ್ಟೆ ಕೆಳಗೆ ಬೀಳಲಿಲ್ಲ. "ಕಳ್ಳತನ ಮಾಡಿದ್ಹಾಗಿರ್ಲಿಲ್ಲ ಮಾವ, ತಮ್ಮದೇ ಏನೋ ತಗೊಂಡು ಹೋದ್ಹಾಗಿತ್ತು" ಎಂದಳು.

ನಾನು ಅಷ್ಟಾಗಿ ನಂಬಲಿಲ್ಲ. ಒಗೆದರೂ ಹೋಗದ ಬೆವರಿನ ಉಪ್ಪಿಗೆ ಆಸೆಪಟ್ಟಿರಬೇಕು ಎಂದುಕೊಂಡೆ. ಆಮೇಲೆ ಗದ್ದೆ ಬಯಲಿನ ಬೆರ್ಚಪ್ಪ, ಆ ಹುಲ್ಲಿನ ಬೆದರುಬೊಂಬೆ, ಹೋಯಿತು. ಹಂದಿ ಹೆದರಲಿ ಎಂದು ಯಾರೋ ಪಡೆಯವರ ಹಳೆಯ ಅಂಗಿ ಪ್ಯಾಂಟನ್ನೇ ಅದಕ್ಕೆ ತೊಡಿಸಿದ್ದರು. ಭತ್ತ ಹಾಲು ಗಟ್ಟಿಯಾಗಿ ಬಾಗಿ ನಿಂತಿತ್ತು. ಯಾವ ಆನೆಯಾದರೂ ಆ ಗದ್ದೆ ಬಿಡುವುದುಂಟೇ? ಇದು ಬದುವಿನ ಮೇಲೆಯೇ ನಡೆದು ಹೋಗಿ, ಬೆರ್ಚಪ್ಪನನ್ನು ಕಂಬ ಸಮೇತ ಕಿತ್ತುಕೊಂಡು, ಬಂದ ಹೆಜ್ಜೆಯಲ್ಲೇ ತಿರುಗಿ ಹೋಗಿತ್ತು. ಒಂದು ತೆನೆ ಬಾಯಿಗೆ ಹಾಕಿರಲಿಲ್ಲ. ಊರಿನವರಿಗೆ ನಿಜವಾಗಿ ಹೆದರಿಕೆಯಾದದ್ದು ಆವಾಗ. ಹೊಟ್ಟೆಗೆಂದು ಬರುವ ಪ್ರಾಣಿಗೆ ಏನು ಬೇಕೆಂದು ಗೊತ್ತಿರುತ್ತದೆ. ಹೊಟ್ಟೆಗಲ್ಲದೆ ಬರುವುದರ ಎದುರು ಏನು ಮಾಡುವುದು?

ಮೂರನೆಯದು ನನ್ನದು. ಸೊಸೈಟಿಯಿಂದ ಅಕ್ಕಿ ತರುತ್ತಿದ್ದೆ. ಹಗಲು ಊಟದ ಹೊತ್ತು, ಆದರೆ ಮಂಜು ಮತ್ತೆ ಇಳಿದು ರಸ್ತೆಯ ಎರಡೂ ಕಡೆಯ ಸಿಲ್ವರ್ ಮರಗಳ ಬುಡ ಮಾತ್ರ ಕಾಣುತ್ತಿತ್ತು. ಚಳಿಗೆ ನನ್ನ ಜೈಲಿನ ಖಾಕಿ ಜರ್ಸಿ ಹಾಕಿದ್ದೆ. ನಿನಗೆ ಗೊತ್ತು, ಸೇನೆಯಿಂದ ಬಂದ ಮೇಲೆ ನಿವೃತ್ತಿಯವರೆಗೆ ಜೈಲಿನಲ್ಲಿ ವಾರ್ಡರ್ ಆಗಿದ್ದೆನಲ್ಲ, ಆಗ ಕೊಟ್ಟದ್ದು, ಇನ್ನೂ ಹರಿದಿಲ್ಲ. ತಿರುವಿನಲ್ಲಿ ಒಂದು ಮರದ ಬುಡ ಎಂದುಕೊಂಡದ್ದು ಮುಂದಕ್ಕೆ ಹೆಜ್ಜೆ ಇಟ್ಟಿತು. ಸದ್ದಿಲ್ಲ. ಹಿಂದಕ್ಕೆ ಓಡಲು ನನ್ನ ಮಂಡಿ ಇಲ್ಲ. ತಂತಿಯೂ ಬೆರ್ಚಪ್ಪನೂ ತಟ್ಟನೆ ನೆನಪಾಗಿ ಅಕ್ಕಿಯ ಚೀಲ ಇಳಿಸಿ ಜರ್ಸಿ ಬಿಚ್ಚಲು ಹೋದೆ. ಅವಸರಕ್ಕೆ ಅದು ತಲೆಗೆ ಸಿಕ್ಕಿಹಾಕಿಕೊಂಡಿತು. ಮಗಳೇ, ಯುದ್ಧ ನೋಡಿದ್ದೇನೆ, ಜೈಲಿನಲ್ಲಿ ಗಲಾಟೆ ನೋಡಿದ್ದೇನೆ. ಆ ಉಣ್ಣೆಯ ಕತ್ತಲೆಯೊಳಗೆ ಎರಡು ಕೈ ಮೇಲೆತ್ತಿ ನಿಂತು, ನನ್ನದಲ್ಲದ ಉಸಿರು ಹತ್ತಿರ ಬರುವುದನ್ನು ಕೇಳಿದ್ದು ಇದೇ ಮೊದಲು. ಬಿಸಿ ಉಸಿರು, ಹುಳಿಹುಲ್ಲಿನ ವಾಸನೆ. ಹೇಗೋ ಎಳೆದು ಬಿಚ್ಚಿ ಎದುರಿಗೆ ಎಸೆದು, ಬಿಳಿ ಬನೀನಿನಲ್ಲಿ ರಸ್ತೆಯ ಅಂಚಿಗೆ ಸರಿದೆ. ಅದು ಕೈಯಳತೆಯಲ್ಲಿತ್ತು. ನನ್ನ ಕಡೆ ನೋಡಲೂ ಇಲ್ಲ. ಬಿಚ್ಚಿದ ಕೂಡಲೇ ನಾನು ಅಲ್ಲಿ ಇಲ್ಲವೇ ಇಲ್ಲ ಎನ್ನುವ ಹಾಗೆ. ಜರ್ಸಿಯನ್ನು ಸೊಂಡಿಲಿನಲ್ಲಿ ಎತ್ತಿಕೊಂಡಿತು, ತೋಳುಗಳೆರಡೂ ಜೋತುಬಿದ್ದವು, ಮಲಗಿದ ಮಗುವನ್ನು ಎತ್ತಿಕೊಂಡಾಗ ಕೈ ಜೋತುಬೀಳುತ್ತವಲ್ಲ ಹಾಗೆ. ಹಾಗೇ ಕೆಳಗಿನ ತೋಟದೊಳಕ್ಕೆ ಇಳಿಯಿತು. ಹೋಗುತ್ತ ಹೋಗುತ್ತ ಒಂದು ಹಸಿ ಕೊಂಬೆ ಮುರಿದು ಜೊತೆಗೆ ಒಯ್ದಿತು. ತಿನ್ನಲಿಕ್ಕಲ್ಲ.

ಆ ಕೊಂಬೆ ನನಗೆ ನಿದ್ದೆ ಕೊಡಲಿಲ್ಲ. ಮಾರನೆಯ ದಿನ ಬಿಸಿಲೇರಿದ ಮೇಲೆ ಓಂಕಾರನಿಗೆ ಹೇಳಿದೆ. ಅವನು ಪಡೆಯವರನ್ನು ಕರೆದುಕೊಂಡು ಬಂದ. ಎಲ್ಲರಿಗೂ ಮನೆಯ ಬಟ್ಟೆ ಹಾಕಿಕೊಂಡು ಬರಲು ಹೇಳಿದ್ದೆ. ಓಂಕಾರ ಅವಸರದಲ್ಲಿ ತನ್ನ ಮದುವೆಯ ಗುಲಾಬಿ ಅಂಗಿಯನ್ನೇ ಹಾಕಿಕೊಂಡು ಬಂದಿದ್ದ, ಬೇರೆ ದಿನವಾಗಿದ್ದರೆ ನಕ್ಕುಬಿಡುತ್ತಿದ್ದೆ. ಹೆಜ್ಜೆ ಹಿಡಿದು ಎಸ್ಟೇಟಿನ ಬೇಲಿ ದಾಟಿ, ಹಾಳುಬಿದ್ದ ಏಲಕ್ಕಿ ಮಲೆಯ ಕಣಿವೆಗೆ ಇಳಿದೆವು. ನಾನು ಬರುವುದು ಬೇಡ ಎಂದರು, ಕೋಲೂರಿಕೊಂಡು ಹೋದೆ. ಅಲ್ಲಿ ಹಳ್ಳದ ಪಕ್ಕದಲ್ಲಿ ಒಂದು ಸಮತಟ್ಟು ಜಾಗ. ಸುತ್ತಲಿನ ಮರಗಳ ಕೆಳಗಿನ ಕೊಂಬೆಗಳೆಲ್ಲ ಮುರಿದಿದ್ದವು. ಮಧ್ಯೆ ಒಂದು ಕೊಂಬೆಯ ರಾಶಿ, ಆಳು ಮಲಗುವಷ್ಟು ಉದ್ದ. ಮೇಲಿನ ಸೊಪ್ಪು ಇನ್ನೂ ಬಾಡಿರಲಿಲ್ಲ.

ಅದನ್ನು ಸರಿಸಿದರೆ ನನ್ನ ಜರ್ಸಿ. ತುಳಿದಿರಲಿಲ್ಲ, ಹರಿದಿರಲಿಲ್ಲ, ಮಲಗಿಸಿತ್ತು. ಅದರ ಕೆಳಗೆ ಬಾಡಿದ ಸೊಪ್ಪಿನ ಇನ್ನೊಂದು ಪದರ, ಅದರಡಿ ಬೆರ್ಚಪ್ಪ, ಹುಲ್ಲಿನ ಹೊಟ್ಟೆ ಸಮೇತ. ಮತ್ತೆ ಸೊಪ್ಪು, ಓಂಕಾರನ ಅಂಗಿ, ಕ್ಲಿಪ್ಪು ಇನ್ನೂ ಹಾಗೆಯೇ ಇತ್ತು. ಅದರ ಕೆಳಗೆ ಒಣಗಿ ಪುಡಿಯಾದ ಎಲೆ, ಅದರೊಳಗೆ ಇನ್ಯಾವ ಊರಿನದೋ ಖಾಕಿ ಅಂಗಿ, ಯಾರೂ ಕೇಳಿಕೊಂಡು ಬಾರದ್ದು. ಓಂಕಾರ ಅಗೆಯುವುದನ್ನು ನಿಲ್ಲಿಸಿ ನನ್ನ ಮುಖ ನೋಡಿದ. "ಅಜ್ಜ, ನೀವು ಆಚೆ ಹೋಗಿ ಕೂತ್ಕಳಿ" ಎಂದ. ನಾನು ಕೂರಲಿಲ್ಲ. ಎಲ್ಲದಕ್ಕಿಂತ ಅಡಿಯಲ್ಲಿ, ಮಣ್ಣೇ ಆಗಿಹೋದ ಎಲೆಗಳ ನಡುವೆ, ಆನೆ ಪಡೆಯವರದೇ ಒಂದು ಅಂಗಿ ಇತ್ತು. ಆ ಬಟ್ಟೆಯ ಒಳಗೆ ಇದ್ದದ್ದನ್ನು ನಾನು ನಿನಗೆ ಬರೆಯುವುದಿಲ್ಲ. ಮನುಷ್ಯನದು ಎಂದು ತಿಳಿಯಲು ಯಾರೂ ಓದಿರಬೇಕಾಗಿಲ್ಲ, ಅಷ್ಟೇ.

ಅಂಗಿ ಯಾರದ್ದೂ ಆಗಿರಬಹುದಿತ್ತು ಮಗಳೇ, ಎಲ್ಲರದ್ದೂ ಒಂದೇ ಅಲ್ಲವೇ. ಆದರೆ ಜೇಬು ಕಳಚಿಕೊಂಡು ಒಳಮಗ್ಗುಲು ಹೊರಗೆ ಬಂದಿತ್ತು. ಒಳಗೆ ನೀಲಿ ಬಟ್ಟೆ. ನೀನು ಏಳನೇ ಕ್ಲಾಸಿನಲ್ಲಿದ್ದಾಗ ಗಿಡ್ಡವಾಯಿತೆಂದು ಬಿಟ್ಟ ಶಾಲೆಯ ಲಂಗ ನೆನಪಿದೆಯೇ? ಪಟಾಕಿ ತುಂಬಿ ತುಂಬಿ ಅಪ್ಪನ ಜೇಬು ಹರಿದುಹೋಗಿತ್ತು, ನಿನ್ನಮ್ಮ ಆ ಲಂಗವನ್ನೇ ಕತ್ತರಿಸಿ ಒಳಗೆ ಹೊಸ ಜೇಬು ಹೊಲಿದಿದ್ದಳು. ನೆರಿಗೆಯ ಗೆರೆ ಕೂಡ ಹಾಗೆಯೇ ಉಳಿದಿತ್ತು. ನಿನ್ನ ಅಪ್ಪ ಎಲ್ಲಿಗೂ ಹೋಗಿರಲಿಲ್ಲ. ನಮ್ಮ ಮನೆಯಿಂದ ಕೂಗಿದರೆ ಕೇಳುವಷ್ಟು ದೂರದಲ್ಲಿ ಮಲಗಿದ್ದ.

ಪೊಲೀಸರು ಬಂದರು, ಎಲ್ಲವನ್ನೂ ಚೀಲದಲ್ಲಿ ಕಟ್ಟಿಕೊಂಡು ಹೋದರು. ಪರೀಕ್ಷೆಗೆ ನನ್ನ ರಕ್ತ ತೆಗೆದುಕೊಂಡಿದ್ದಾರೆ. ಅದು ಏನು ಹೇಳುತ್ತದೋ ಹೇಳಲಿ, ನಿನ್ನಮ್ಮ ಆ ಜೇಬನ್ನು ನೋಡಿದ ಮೇಲೆ ನನಗೆ ಬೇರೆ ಪರೀಕ್ಷೆ ಬೇಕಾಗಿಲ್ಲ. ಅವಳು ಹೊಲಿಗೆಯ ಮೇಲೆ ಬೆರಳಾಡಿಸಿದಳು. ತಾನು ದಾರ ಮುಗಿದು ಎರಡನೇ ಸಲ ಎಲ್ಲಿಂದ ಶುರುಮಾಡಿದ್ದೆ ಎಂದು ಇನ್‌ಸ್ಪೆಕ್ಟರಿಗೆ ತೋರಿಸಿದಳು. ಮನೆಗೆ ಬಂದು ತಾಳಿಯನ್ನು ಹೊರಗೆ ತೆಗೆದು ಸೀರೆಯ ಮೇಲೆ ಬಿಟ್ಟುಕೊಂಡಳು, ನಾಲ್ಕು ವರ್ಷದಲ್ಲಿ ಮೊದಲ ಸಲ. ಆಮೇಲೆ ಒಲೆಯ ಮುಂದೆ ಕೂತು ಮೆಲ್ಲಗೆ ಹೇಳಿದಳು: "ಎಲ್ಲೋ ಇದ್ದಾರೆ ಅಂತ ಬೈಯೋಕಾದ್ರೂ ಒಬ್ರಿದ್ರು ಮಾವ. ಈಗ ಅದೂ ಇಲ್ಲ." ನಾನು ಅವಳ ಪಕ್ಕದಲ್ಲಿ ಹೋಗಿ ಕೂತುಕೊಂಡೆ. ನಿನ್ನ ಅಜ್ಜಿ ಇದ್ದಿದ್ದರೆ ತಬ್ಬಿಕೊಳ್ಳುತ್ತಿದ್ದಳು, ನಮಗೆ ಗಂಡಸರಿಗೆ ಅದೂ ಬರುವುದಿಲ್ಲ.

ಬೆಳ್ಳಿಯಪ್ಪ ಸುದ್ದಿ ಕೇಳಿ ಅಂಗಡಿ ಮುಚ್ಚಿ ಬಂದ. ಜಗಲಿ ಹತ್ತಲಿಲ್ಲ, ಅಂಗಳದಲ್ಲೇ ನಿಂತ. "ನಾ ಕಂಡದ್ದು ಬಟ್ಟೆ ಮಾರಾಯ್ರೆ. ಮಳೆ ಹೊಡೀತಿತ್ತು, ಟೋಪಿ ಇತ್ತು. ಆ ಬಟ್ಟೆ ಕಂಡ ಕೂಡ್ಲೆ ಬಾಲರಾಜಣ್ಣ ಅಂತ ನನ್ನ ತಲೆನೇ ಹೇಳಿಬಿಡ್ತು, ಮುಖ ನೋಡ್ಲೇ ಇಲ್ಲ ನಾನು" ಎಂದು ಅತ್ತ. ನಿನ್ನಮ್ಮ ಒಳಗಿಂದ ಕಾಫಿ ತಂದು ಅವನ ಕೈಗೆ ಕೊಟ್ಟಳು. "ನೀವು ಸುಳ್ಳು ಹೇಳ್ಲಿಲ್ಲ ಬೆಳ್ಳಿಯಪ್ಪಣ್ಣ, ಕೂತ್ಕಂಡು ಕುಡೀರಿ" ಎಂದಳು. ಅವನು ಮೆಟ್ಟಿಲ ಮೇಲೆ ಕೂತು ಕಾಫಿ ಕುಡಿದ. ಆಮೇಲೆ ನನ್ನ ಕಡೆ ತಿರುಗಿ ಕೇಳಿದ, "ಹಾಗಾದ್ರೆ ಆ ದಿನ ಬಸ್ಸು ಹತ್ತಿದ್ದು ಯಾರು ಮಂಜಯ್ಯನೋರೆ?" ಪಡೆಯವರನ್ನೆಲ್ಲ ಕೇಳಿದ್ದಾಯಿತು. ಆ ದಿನ ಘಟ್ಟ ಇಳಿದವರು ಯಾರೂ ಇಲ್ಲ. ಅಂಥ ಬಟ್ಟೆ ಈಗ ಸಂತೆಯಲ್ಲೂ ಸಿಗುತ್ತದೆ, ಯಾರೋ ದಾರಿಹೋಕ ಇರಬೇಕು ಎಂದು ಸಮಾಧಾನ ಹೇಳಿದೆ. ಹೇಳಿದ್ದು ಅವನಿಗೋ ನನಗೋ ತಿಳಿಯದು.

ನೀನು ಈಗ ಅಂಥದೇ ಎಲೆಮಚ್ಚೆಯ ಬಟ್ಟೆ ತೊಟ್ಟವಳು, ಅದಕ್ಕೆ ಒಂದು ಮಾತು ಹೇಳುತ್ತೇನೆ. ನನಗೆ ತರಬೇತಿ ಕೊಟ್ಟ ಹವಾಲ್ದಾರ್ ಮೊದಲ ದಿನ ಬಟ್ಟೆ ಹಂಚುವಾಗ ಕೇಳಿದ್ದರು, ಎಲ್ಲರಿಗೂ ಒಂದೇ ಬಟ್ಟೆ ಯಾಕೆ ಎಂದು. ಶಿಸ್ತಿಗೆ ಎಂದೆವು, ಚೆಂದಕ್ಕೆ ಎಂದೆವು. ಅವರು ನಕ್ಕು ಕಥೆ ಹೇಳಿದರು. ಹಿಂದಿನ ಕಾಲದಲ್ಲಿ ಸೈನ್ಯಗಳು ಕೆಂಪು ನೀಲಿ ಅಂಗಿ ತೊಟ್ಟು ಎದುರುಬದುರು ನಿಲ್ಲುತ್ತಿದ್ದವಂತೆ. ಕೋವಿಮದ್ದಿನ ಹೊಗೆಯಲ್ಲಿ ನಮ್ಮವರು ಯಾರು ಎಂದು ನಮ್ಮವರಿಗೇ ತಿಳಿಯಬೇಕಲ್ಲ. ಆಮೇಲೆ ದೂರಕ್ಕೆ ಗುರಿಯಿಡುವ ಕೋವಿ ಬಂದವು, ಕೆಂಪಂಗಿಯವರು ಕಾಗೆ ಬಿದ್ದ ಹಾಗೆ ಬಿದ್ದರು. ಆಗ ಮಣ್ಣಿನ ಬಣ್ಣ ಬಂತು. ಖಾಕಿ ಎಂದರೆ ಧೂಳಿನದು ಎಂದೇ ಅರ್ಥ. ಧೂಳು ಸಾಲದೆ ಎಲೆ ಬಂತು. "ಆದ್ರೆ ಒಂದು ಮಾತ್ರ ಬದಲಾಗಿಲ್ಲ" ಎಂದರು ಅವರು. "ಒಬ್ಬ ಬಿದ್ದರೆ ಅದೇ ಬಟ್ಟೆಯಲ್ಲಿ ಇನ್ನೊಬ್ಬ ಬಂದು ನಿಲ್ಲಬೇಕು. ಎದುರಿನವನಿಗೆ, ಕೊಂದವನೇ ಮತ್ತೆ ಎದ್ದು ಬಂದ ಅನ್ನಿಸಬೇಕು." ನಾವು ಹುಡುಗರು, ರೋಮಾಂಚನವಾಗಿತ್ತು.

ಜೈಲಿಗೆ ಬಂದ ಮೇಲೆ ಇನ್ನೊಂದು ಮುಖ ಕಂಡೆ. ಅಲ್ಲಿಯ ಬಟ್ಟೆ ಕಾಣದಿರಲಿಕ್ಕಲ್ಲ, ಕಾಣಲಿಕ್ಕೆ. ಹಿಂದೆ ಪಟ್ಟೆ ಹಾಕುತ್ತಿದ್ದರಂತೆ, ಕತ್ತಿಗೆ ನಂಬರಿನ ಬಿಲ್ಲೆ ಕಟ್ಟುತ್ತಿದ್ದರಂತೆ. ಓಡಿದರೆ ಹೊಲದಲ್ಲಿರುವ ಮಕ್ಕಳೂ ಗುರುತು ಹಿಡಿಯಬೇಕು. ನಮ್ಮ ಕಾಲಕ್ಕೆ ಬರೀ ಬಿಳಿ. ಸಿಪಾಯಿ ಬಟ್ಟೆ ಕಾಡಿನಲ್ಲಿ ಸೇರಿಹೋಗಲಿಕ್ಕೆ, ಕೈದಿ ಬಟ್ಟೆ ಎಲ್ಲಿಯೂ ಸೇರದಿರಲಿಕ್ಕೆ. ಒಮ್ಮೆ ಒಬ್ಬ ಮುದುಕಿ ಮಗನನ್ನು ನೋಡಲು ಬಂದಿದ್ದಳು, ಕಣ್ಣು ಮಂಜು. ತೋಟದ ಕೆಲಸಕ್ಕೆ ಸಾಲಾಗಿ ಹೋಗುತ್ತಿದ್ದ ಬಿಳಿ ಬಟ್ಟೆಯವರಲ್ಲಿ ಒಬ್ಬನ ತಲೆ ಹಿಡಿದು, ಹೆಸರು ಕೂಗಿ, ಅತ್ತು, ಆಶೀರ್ವಾದ ಮಾಡಿದಳು. ಅವನು ಅವಳ ಮಗನಲ್ಲ. ಅವನಿಗೆ ಯಾರೂ ಬರುತ್ತಿರಲಿಲ್ಲ. ಅವನು ತಲೆಬಗ್ಗಿಸಿ ಅಷ್ಟನ್ನೂ ತೆಗೆದುಕೊಂಡ, ತಾನಲ್ಲ ಎನ್ನಲಿಲ್ಲ. ನಾನೂ ಎನ್ನಲಿಲ್ಲ.

ಈಗ ಯೋಚಿಸಿದರೆ ಆ ಆನೆಗೆ ಆಗಿರುವುದು ಇದೇ ಎನ್ನಿಸುತ್ತದೆ. ಆ ಆಷಾಢದಲ್ಲಿ ಪಟಾಕಿ ಹಿಡಿದು ಎದುರಿಗೆ ಬಂದ ಒಬ್ಬನನ್ನು ಅದು ಕೊಂದಿತು. ಕೊಂದ ಮೇಲೆ ಅದಕ್ಕೇನಾಯಿತೋ, ತನ್ನವರು ಸತ್ತಾಗ ಮಾಡುವ ಹಾಗೆ ಕೊಂಬೆ ಮುರಿದು ಮುಚ್ಚಿತು. ತನ್ನ ಮಟ್ಟಿಗೆ ಮುಗಿಸಿ ಎತ್ತಲೋ ಹೋಯಿತು. ಆದರೆ ಅವನು ಮತ್ತೆ ರಸ್ತೆಯಲ್ಲಿ ಕಂಡ, ಗದ್ದೆಯಲ್ಲಿ ಕಂಡ, ನಮ್ಮ ಮನೆಯ ತಂತಿಯ ಮೇಲೆ ಕಂಡ. ಮಣ್ಣು ಮಾಡಿದವನು ಮತ್ತೆ ಮತ್ತೆ ಎದ್ದು ಬರುತ್ತಿದ್ದಾನೆ. ಅದು ಮತ್ತೆ ಮತ್ತೆ ಒಯ್ದು ಅದೇ ಜಾಗದಲ್ಲಿ ಮಲಗಿಸುತ್ತಿದೆ. ನಮ್ಮ ಹವಾಲ್ದಾರರ ಮಾತು ನಂಬಿದ್ದು ಯಾವ ಶತ್ರುವೂ ಅಲ್ಲ, ಒಂದು ಪಾಪದ ಪ್ರಾಣಿ. ಸಿಟ್ಟು ಬರಬೇಕು ನನಗೆ, ಮಗನನ್ನು ತಿಂದದ್ದು ಅದು. ಬರುತ್ತದೆ ಕೂಡ. ಆದರೆ ನನ್ನ ಜರ್ಸಿಯ ತೋಳನ್ನು ಅದು ಎದೆಯ ಮೇಲೆ ಮಡಚಿಟ್ಟಿದ್ದ ರೀತಿ ಕಣ್ಣಿಂದ ಹೋಗುವುದಿಲ್ಲ.

ಇಲ್ಲಿಗೆ ಮುಗಿದಿದ್ದರೆ ಚೆನ್ನಾಗಿತ್ತು. ಪೊಲೀಸರು ಜಾಗ ಖಾಲಿ ಮಾಡಿದ ಮೂರ್ನಾಲ್ಕು ದಿನಕ್ಕೆ ಓಂಕಾರ ಅತ್ತ ಹೋಗಿದ್ದನಂತೆ. ಅಗೆದ ಗುಂಡಿಯ ಸುತ್ತ ನೆಲ ಸವೆದು ರಸ್ತೆಯಾಗಿದೆಯಂತೆ. ಅದು ಬಂದು ಸುತ್ತಿದೆ, ಸುತ್ತಿದೆ, ಮಣ್ಣು ಕೆದಕಿ ನೋಡಿದೆ. ಆವತ್ತಿನಿಂದ ಅದು ಕಾಡಿನೊಳಗೆ ನಿಲ್ಲುತ್ತಿಲ್ಲ. ಹಗಲು ಹೊತ್ತಿನಲ್ಲೇ ರಸ್ತೆ ಬದಿಗೆ ಬರುತ್ತಿದೆ. ಅದರ ಲೆಕ್ಕದಲ್ಲಿ ಸತ್ತವನು ಈ ಸಲ ನಿಜವಾಗಿ ಎದ್ದು ಹೋಗಿದ್ದಾನೆ. ಪಡೆಯವರು ಈಗ ಬಣ್ಣದ ಅಂಗಿಗಳಲ್ಲಿ ಓಡಾಡುತ್ತಾರೆ, ಸಾಹೇಬರೂ ಬೇಡ ಎನ್ನಲಿಲ್ಲ. ಅಂಚೆಯವನು ಖಾಕಿ ಕಳಚಿ ಚೀಲದಲ್ಲಿ ಹಾಕಿಕೊಂಡು ಬರುತ್ತಾನೆ. ಬಸ್ಸಿನ ಕಂಡಕ್ಟರು ನಮ್ಮ ತಿರುವಿನಲ್ಲಿ ಕೆಳಗಿಳಿಯುವುದಿಲ್ಲ, ಒಳಗಿಂದಲೇ ಬಾಗಿಲು ತೆಗೆಯುತ್ತಾನೆ.

ಕೆಲಸ ಬಿಟ್ಟು ಓಡಿ ಬಾ ಎಂದು ನಾನು ಹೇಳುವುದಿಲ್ಲ. ಡಿಸೆಂಬರಿನಲ್ಲಿ ರಜೆ ಕೊಟ್ಟಾಗ ಬಾ, ಅಷ್ಟು ಹೊತ್ತಿಗೆ ಪೊಲೀಸರು ನಿನ್ನ ಅಪ್ಪನನ್ನು ನಮಗೆ ಒಪ್ಪಿಸುತ್ತಾರೆ. ಮಣ್ಣು ನೀನು ಹಾಕು. ಹೆಣ್ಣುಮಗಳು ಹಾಕುವುದುಂಟೇ ಎಂದು ಯಾರಾದರೂ ಕೇಳಿದರೆ ನಾನು ಉತ್ತರ ಕೊಡುತ್ತೇನೆ. ಅಲ್ಲಿಯವರೆಗೆ ಪೆರೇಡಿನಲ್ಲಿ ಮನಸ್ಸಿಡು. ಅಳು ಬಂದರೆ ಅಳು, ಆದರೆ ಒಬ್ಬಳೇ ಕೂತು ಅಳಬೇಡ, ಪಕ್ಕದ ಮಂಚದ ಹುಡುಗಿಗೆ ಹೇಳು. ನಿನ್ನ ಅಪ್ಪ ನಿನ್ನನ್ನು ಬಿಟ್ಟು ಹೋದವನಲ್ಲ ಎನ್ನುವುದನ್ನು ಇನ್ನು ಮೇಲೆ ಯಾರ ಎದುರಿಗೂ ತಲೆಯೆತ್ತಿ ಹೇಳು. ಹೊರನಾಡಿನ ಅಮ್ಮ ನಿನ್ನ ತಟ್ಟೆಯಲ್ಲಿ ಅನ್ನವನ್ನೂ ನಿನ್ನ ಬೆನ್ನಿಗೆ ಕಾವಲನ್ನೂ ಸದಾ ಇಟ್ಟಿರಲಿ. ನಿನ್ನಮ್ಮ ನಿನಗೆ ಮುತ್ತು ಕೊಟ್ಟಿದ್ದಾಳೆ, ಓಂಕಾರನ ಮಗು ಕೂಡ.

ನಿನ್ನನ್ನು ಹೆಗಲ ಮೇಲೆ ಹೊತ್ತು ಬೆಳೆಸಿದ
ಅಜ್ಜ, ಮಂಜಯ್ಯ

ಇನ್ನೊಂದು ಮಾತು. ಕಾಗದ ಅಂಟಿಸುವಾಗ ನಿನ್ನಮ್ಮ ಈಗಷ್ಟೇ ಹೇಳಿದಳು. ರಜೆಗೆ ಯೂನಿಫಾರ್ಮಿನಲ್ಲೇ ಬಂದು, ಬಸ್ಸಿಳಿದ ಜಾಗದಲ್ಲೇ ಅವಳಿಗೆ ಸಲ್ಯೂಟ್ ಹೊಡೆಯುತ್ತೇನೆ ಎಂದಿದ್ದೀಯಂತೆ ನಿನ್ನೆ ಫೋನಿನಲ್ಲಿ. ಬೇಡ ಮಗಳೇ. ಇದು ನಿನ್ನ ಅಜ್ಜನ ಆರ್ಡರ್ ಎಂದುಕೋ. ಮೂಡಿಗೆರೆಯಲ್ಲಿ ಇಳಿದು ಬಟ್ಟೆ ಬದಲಿಸು. ನಿನ್ನ ಆ ಹಳದಿ ಚೂಡಿದಾರ ಹಾಕು. ಯೂನಿಫಾರ್ಮನ್ನು ಚೀಲದಲ್ಲೂ ತರಬೇಡ, ಅಲ್ಲೇ ಯಾರ ಮನೆಯಲ್ಲಾದರೂ ಬಿಟ್ಟು ಬಾ. ಹಾಲು ಹಾಕಿ ಬಂದವರು ಇವತ್ತು ಬೆಳಿಗ್ಗೆ ಹೇಳಿದರು, ನಮ್ಮ ತಿರುವಿನಲ್ಲಿ ಸಿಲ್ವರ್ ಮರಗಳ ಹಿಂದೆ ಅವರು ನಿಂತಿದ್ದಾರಂತೆ. ಬಸ್ಸು ಬಂದಾಗಲೆಲ್ಲ ಒಂದು ಹೆಜ್ಜೆ ಮುಂದೆ ಬರುತ್ತಾರಂತೆ. ಇಳಿದವರನ್ನು ಒಬ್ಬೊಬ್ಬರಾಗಿ ನೋಡಿ, ಮತ್ತೆ ಹಿಂದಕ್ಕೆ ಸರಿದು ಕಾಯುತ್ತಾರಂತೆ.